ಧಾನ್ಯದ ಕರಾರು, ಸರ್ಕಾರದ ಮಾತು



ಪಡಿತರದ ಅಕ್ಕಿ ನ್ಯಾಯಬೆಲೆ ಅಂಗಡಿಗೆ ಬರುವಷ್ಟರಲ್ಲಿ ಹಲವು ಕರಾರುಗಳನ್ನು ದಾಟಿರುತ್ತದೆ. ಸರ್ಕಾರದ ಭತ್ತ ಪಡೆದ ಗಿರಣಿಯವನು ಕ್ವಿಂಟಲಿಗೆ 67 ಕೆ.ಜಿ. ಬೆಳ್ತಿಗೆ ಅಕ್ಕಿ, ಕುಸುಬಲಕ್ಕಿಯಾದರೆ 68 ಕೆ.ಜಿ. ಹಿಂದಿರುಗಿಸಬೇಕು. ಆಮೇಲೆ ಗೋದಾಮಿನ ಬಾಡಿಗೆ, ಲಾರಿ ಗುತ್ತಿಗೆ, ಹಮಾಲಿ. ಇವುಗಳಲ್ಲಿ ಒಂದು ಕೆಟ್ಟರೂ ವಿವಾದ ಹುಟ್ಟುತ್ತದೆ. ಅದು ಹೇಗೆ ತೀರಬೇಕು ಎಂಬುದೇ ಇಂದಿನ ವಿಷಯ.

ಮೊದಲ ಪ್ರಕರಣ: 1943, ಬಂಗಾಳದಲ್ಲಿ ಕ್ಷಾಮ. ರೈಲ್ವೆಯ ವಿಭಾಗೀಯ ಅಧಿಕಾರಿಯೊಬ್ಬರು ವರ್ತಕರೊಬ್ಬರಿಗೆ ಧಾನ್ಯ ಪೂರೈಸಲು ಖರೀದಿ ಆದೇಶ ಕೊಟ್ಟರು. ರೈಲ್ವೆ ಒಂದಷ್ಟು ಧಾನ್ಯ ಪಡೆದು ಹಣವನ್ನೂ ಕೊಟ್ಟಿತು, ಉಳಿದದ್ದನ್ನು ಬೇಡವೆಂದಿತು. ನಷ್ಟ ತುಂಬಿಕೊಡಿ ಎಂದು ವರ್ತಕ ದಾವೆ ಹೂಡಿದ. 1961ರ ಜುಲೈಯಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು: ಆ ಆದೇಶ ಗವರ್ನರ್ ಜನರಲ್ ಹೆಸರಿನಲ್ಲಿ ಇರಲಿಲ್ಲ, 1935ರ ಭಾರತ ಸರ್ಕಾರ ಕಾಯಿದೆ ಕೇಳುವ ರೂಪದಲ್ಲಿಲ್ಲದ ಕರಾರು ಸರ್ಕಾರವನ್ನು ಕಟ್ಟಿಹಾಕುವುದಿಲ್ಲ. ವರ್ತಕ ಸೋತ. ಇಂದು ಸಂವಿಧಾನದ 299ನೇ ವಿಧಿಯಲ್ಲಿರುವುದೂ ಇದೇ ನಿಯಮ.

ಅದೇ ವರ್ಷದ ಡಿಸೆಂಬರ್‌ನಲ್ಲಿ ಇನ್ನೊಂದು ತೀರ್ಪು ಬಂತು. ಬಂಗಾಳದ ನಾಗರಿಕ ಸರಬರಾಜು ಇಲಾಖೆಗಾಗಿ ಗುತ್ತಿಗೆದಾರರೊಬ್ಬರು 1944ರಲ್ಲಿ ಹೂಗ್ಲಿ ಜಿಲ್ಲೆಯಲ್ಲಿ ದಾಸ್ತಾನು ಶೆಡ್ಡು, ಕಚೇರಿ ಕೋಣೆಗಳನ್ನು ಕಟ್ಟಿದ್ದರು. ಅಲ್ಲಿಯೂ ಸರಿಯಾದ ಕರಾರಿರಲಿಲ್ಲ. ಆದರೆ ಇಲಾಖೆ ಕಟ್ಟಡಗಳನ್ನು ಒಪ್ಪಿಕೊಂಡು ಬಳಸಿತ್ತು. ಪುಕ್ಕಟೆಯಾಗಿ ಮಾಡದ ಕೆಲಸದ ಪ್ರಯೋಜನ ಉಂಡವರು ಅದರ ಬೆಲೆ ಕೊಡಬೇಕು ಎಂಬ ಕರಾರು ಕಾಯಿದೆಯ 70ನೇ ಪ್ರಕರಣವನ್ನು ಹಿಡಿದು, ಸರ್ಕಾರ ಹಣ ಕೊಡಲೇಬೇಕೆಂದು ಸುಪ್ರೀಂ ಕೋರ್ಟ್ ತೀರ್ಮಾನಿಸಿತು. ಇಪ್ಪತ್ತು ಸಾವಿರ ರೂಪಾಯಿಗೂ ಕಡಿಮೆ ಮೊತ್ತ; ಕಾದದ್ದು ಹದಿನೇಳು ವರ್ಷ.

ಎರಡೂ ತೀರ್ಪುಗಳನ್ನು ಒಟ್ಟಿಗೆ ಓದಬೇಕು. ಕಾಗದದ ರೂಪ ಬೊಕ್ಕಸವನ್ನು ಕಾಯುತ್ತದೆ. ಅಧಿಕಾರಿ ಬಾಯಿಮಾತಿನಲ್ಲಿ ಸಾರ್ವಜನಿಕರ ಹಣವನ್ನು ಒತ್ತೆಯಿಡಲಾರ. ಆದರೆ ಪಡೆದದ್ದಕ್ಕೆ ಬೆಲೆ ಕೊಡದಿರಲು ಆ ರೂಪವೇ ನೆಪವಾಗಬಾರದು.

ಮೂರನೆಯದು ತ್ರಿಪುರದ ಪ್ರಕರಣ. ರೈಲು ವ್ಯಾಗನ್ ತೆರವಾಗುವುದು ತಡವಾದರೆ ರೈಲ್ವೆ ಡೆಮರೇಜ್ ಹಾಕುತ್ತದೆ. ಆ ಹೊರೆಯನ್ನು ಭಾರತೀಯ ಆಹಾರ ನಿಗಮ ಲಾರಿ ಗುತ್ತಿಗೆದಾರರ ಮೇಲೆ ಹೊರಿಸಿತು. ಕರಾರಿನಲ್ಲಿ ‘ಶುಲ್ಕಗಳು’ ಎಂಬ ಮಾತಿತ್ತು. ಡೆಮರೇಜ್ ಎಂಬ ಮಾತಿರಲಿಲ್ಲ. ವ್ಯಾಗನ್ನಿನಿಂದ ಮೂಟೆ ಇಳಿಸುವುದೂ ಲಾರಿಯವರ ಕೆಲಸವಾಗಿರಲಿಲ್ಲ. ನಿಗಮದ ಬೇರೆ ಕರಾರುಗಳಲ್ಲಿ ಡೆಮರೇಜನ್ನು ಹೆಸರಿಸಿಯೇ ಬರೆದಿದ್ದಾಗ, ಬರೆಯದ ಕಡೆ ಅದನ್ನು ಓದಿಕೊಳ್ಳಲಾಗದು ಎಂದು 2022ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಕರಾರು ಬರೆಯುವ ದಿನ ಒಂದು ಪದಕ್ಕೆ ಗಮನ ಕೊಟ್ಟಿದ್ದರೆ ಈ ವ್ಯಾಜ್ಯವೇ ಇರುತ್ತಿರಲಿಲ್ಲ.

ತೀರ್ಪು ಕೊಡುವವರು ಯಾರು ಎಂಬುದೂ ಮುಖ್ಯ. ಸರ್ಕಾರಿ ಸಂಸ್ಥೆ ತನಗೆ ಬೇಕಾದವರನ್ನು ತಾನೇ ಆರ್ಬಿಟ್ರೇಟರ್ ಆಗಿ ಕೂರಿಸುವ ಪದ್ಧತಿ ಬಹುಕಾಲ ನಡೆಯಿತು. 2024ರ ನವೆಂಬರ್‌ನಲ್ಲಿ ರೈಲ್ವೆಯದೇ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ, ಒಂದೇ ಪಕ್ಷ ಏಕೈಕ ಆರ್ಬಿಟ್ರೇಟರನ್ನು ನೇಮಿಸುವುದು ಸಮಾನತೆಗೆ ವಿರುದ್ಧವೆಂದಿತು. ತುರ್ತು ಪರಿಹಾರ ಕೇಳದ ವಾಣಿಜ್ಯ ದಾವೆಗೆ ಮುನ್ನ ಮಧ್ಯಸ್ಥಿಕೆಗೆ, ಅಂದರೆ ರಾಜಿ ಮಾತುಕತೆಗೆ, ಹೋಗುವುದು ಈಗ ಕಡ್ಡಾಯ. ಆದರೆ ಅಲ್ಲಿ ಒಪ್ಪಂದಕ್ಕೆ ಸಹಿ ಹಾಕಲು ಅಧಿಕಾರಿ ಹೆದರುತ್ತಾನೆ: ನಾಳೆ ಆಡಿಟ್ ಆಕ್ಷೇಪ ಬಂದರೆ? ಕಾರಣ ಬರೆದು, ಸಮಿತಿಯ ಮುಂದಿಟ್ಟು ಮಾಡಿಕೊಂಡ ಪ್ರಾಮಾಣಿಕ ರಾಜಿಯ ಬೆನ್ನಿಗೆ ಸರ್ಕಾರ ನಿಲ್ಲದಿದ್ದರೆ ಮಧ್ಯಸ್ಥಿಕೆ ಬರೀ ಶಾಸ್ತ್ರವಾಗುತ್ತದೆ.

ಆದರೆ ವ್ಯಾಜ್ಯ ಮುಗಿಯುವವರೆಗೆ ಧಾನ್ಯ ಕಾಯುವುದಿಲ್ಲ. ಹುಳ ಹಿಡಿಯುತ್ತದೆ, ಮುಗ್ಗುತ್ತದೆ. ಗುಣಮಟ್ಟದ ಜಗಳಕ್ಕೆ ಅಂದೇ ಎರಡೂ ಪಕ್ಷಗಳ ಎದುರು ತೆಗೆದು ಮೊಹರು ಮಾಡಿದ ಮಾದರಿಗಿಂತ ದೊಡ್ಡ ಸಾಕ್ಷಿಯಿಲ್ಲ. ತೂಕದ ಜಗಳಕ್ಕೆ ಇಬ್ಬರೂ ರುಜು ಹಾಕಿದ ಚೀಟಿ ಸಾಕು.

ಯುವ ವಕೀಲರೇ, ನಾಳೆ ನೀವು ಸರ್ಕಾರದ ಪರ ನಿಂತರೆ ನಿಮ್ಮ ಕಕ್ಷಿದಾರನಿಗೆ ಮೊದಲು ಹೇಳಿ: ಒಪ್ಪಿಕೊಂಡ ಬಾಕಿಯನ್ನು ಇಂದೇ ಕೊಡಿ, ಒಪ್ಪದ ಬಾಕಿಗೆ ಮಾತ್ರ ವಾದಿಸೋಣ. ಗುತ್ತಿಗೆದಾರನ ಪರ ನಿಂತರೆ ಹೇಳಿ: ರುಜುವಾದ ಕರಾರು ಕೈಗೆ ಬರುವ ತನಕ ಒಂದು ಮೂಟೆಯನ್ನೂ ಲಾರಿಗೆ ಏರಿಸಬೇಡ.