ಅಂತರಿಕ್ಷದಿಂದ ವಾರ್ತೆ
(ಸುವರ್ಣ ಮಹೋತ್ಸವ ಸಮಾರಂಭದಲ್ಲಿ ಆಡಿದ ಮಾತುಗಳು)



ಕಂಪ್ಯೂಟರ್ ಬಗ್ಗೆ ಮಾತಾಡು ಎಂದು ಮುಖ್ಯಗುರುಗಳು ಹೇಳಿದ್ದರು. ಅದು ಈಗ ಎಲ್ಲರ ಜೇಬಿನಲ್ಲೇ ಇದೆ, ಬಿಡಿ. ನಾನು ಒಬ್ಬ ವರದಿಗಾರರ ಕಥೆ ಹೇಳುತ್ತೇನೆ.

ಒಂಬತ್ತನೇ ತರಗತಿಯಲ್ಲಿ ಪ್ರಾರ್ಥನೆಯ ಹೊತ್ತಿಗೆ ವಾರ್ತೆ ಓದುವ ಸರದಿ ನನ್ನದಿತ್ತು. 'ಭಾರಿ ಮಳೆ, ಜನಜೀವನ ಅಸ್ತವ್ಯಸ್ತ' ಎಂದು ಪತ್ರಿಕೆ ನೋಡಿ ಗಟ್ಟಿಯಾಗಿ ಓದಿದೆ. ವಿಜ್ಞಾನದ ಸರ್ ಕೇಳಿದರು: "ನಿಮ್ಮ ಓಣಿಯಲ್ಲಿ ಏನಾಯ್ತೋ?" ನಾನು ತಲೆ ತಗ್ಗಿಸಿ ನಿಂತೆ.

ಜಪಾನಿನ ತೊಯೊಹಿರೊ ಅಕಿಯಾಮಾ ಅವರ ಬಗ್ಗೆ ಓದಿದಾಗ ಆ ಬೆಳಗು ನೆನಪಾಯಿತು. ಅವರು ಟಿಬಿಎಸ್ ಎಂಬ ಪ್ರಸಾರ ಸಂಸ್ಥೆಯ ಪತ್ರಕರ್ತರು. 1990ರ ಡಿಸೆಂಬರ್ 2ರಂದು, ನಾನಿನ್ನೂ ತೊಟ್ಟಿಲಲ್ಲಿದ್ದಾಗ, ಸೋಯುಜ್ ನೌಕೆಯಲ್ಲಿ ಸೋವಿಯತ್ ಒಕ್ಕೂಟದ 'ಮಿರ್' ನಿಲ್ದಾಣಕ್ಕೆ ಹೋದರು. ಖರ್ಚು ಕೊಟ್ಟದ್ದು ಅವರ ಸಂಸ್ಥೆಯೇ. ಅಮೆರಿಕದವರೂ ಪತ್ರಕರ್ತರೊಬ್ಬರನ್ನು ಕಳಿಸಲು ಹೊರಟಿದ್ದರು. 1986ರಲ್ಲಿ ಚಾಲೆಂಜರ್ ನೌಕೆ ಸಿಡಿದ ಮೇಲೆ ಅದು ನಿಂತುಹೋಯಿತು. ಹೀಗಾಗಿ ಅಂತರಿಕ್ಷಕ್ಕೆ ಹೋದ ಮೊದಲ ಪತ್ರಕರ್ತ, ಮೊದಲ ಜಪಾನೀಯ, ಎರಡೂ ಇವರೇ ಆದರು.

ಮೇಲೆ ಹೋದ ಮನುಷ್ಯ ಮೊದಲು ಏನು ಹೇಳಬಹುದು? ನಮ್ಮ ರಾಕೇಶ್ ಶರ್ಮಾ ಹೇಳಿದ್ದು ಎಲ್ಲರಿಗೂ ಬಾಯಿಪಾಠ. ಅಕಿಯಾಮಾ ಮಾತ್ರ, ಇದು ನೇರಪ್ರಸಾರವೇ ಎಂದು ಕೇಳಿದರಂತೆ! ಕಸುಬು ಬಿಡುತ್ತದೆಯೇ?

ಮಿರ್ ಸುಮಾರು 90 ನಿಮಿಷಕ್ಕೊಮ್ಮೆ ಭೂಮಿಯನ್ನು ಸುತ್ತುತ್ತಿತ್ತು. ಎಂದರೆ ದಿನಕ್ಕೆ ಹದಿನಾರು ಸೂರ್ಯೋದಯ. ಅದನ್ನೇ ಬಣ್ಣಿಸುತ್ತ ಕೂರಬಹುದಿತ್ತು. ಆದರೆ ತೂಕವಿಲ್ಲದ ಸ್ಥಿತಿಯಲ್ಲಿ ಕಿವಿಯೊಳಗಿನ ಸಮತೋಲನದ ಅಂಗಕ್ಕೆ ಮೇಲೆ ಕೆಳಗೆ ತಿಳಿಯುವುದಿಲ್ಲ, ಹೊಟ್ಟೆ ತೊಳಸುತ್ತದೆ. ರಕ್ತ ತಲೆಯ ಕಡೆ ಏರಿ ಮುಖ ಊದಿಕೊಳ್ಳುತ್ತದೆ. ಅಕಿಯಾಮಾ ತಮಗಾದ ಸಂಕಟವನ್ನು ಮುಚ್ಚಿಡಲಿಲ್ಲ. ವಿಪರೀತ ಸಿಗರೇಟು ಸೇದುತ್ತಿದ್ದವರು, ಅದಕ್ಕಾಗಿ ಜೀವ ಚಡಪಡಿಸುತ್ತಿದೆ ಎಂಬುದನ್ನೂ ಹೇಳಿಕೊಂಡರು. ವೀರನ ಹಾಗೆ ಕಾಣಲಿಲ್ಲವೆಂದು ನಕ್ಕವರೂ ಇರಬಹುದು. ನನಗಂತೂ ಅವರ ಮೇಲೆ ನಂಬಿಕೆ ಹುಟ್ಟಿದ್ದೇ ಅಲ್ಲಿ.

ಜೊತೆಯಲ್ಲಿ ಆರು ಮರಗಪ್ಪೆಗಳನ್ನೂ ಒಯ್ದಿದ್ದರು. ತೇಲುವಾಗ ಅವು ನಾಲ್ಕೂ ಕಾಲು ಚಾಚುತ್ತಿದ್ದವು. ಏನಾದರೂ ಹಿಡಿದು ಕುಳಿತರೆ ಕತ್ತು ಹಿಂದಕ್ಕೆ ಬಾಗಿಸುತ್ತಿದ್ದವು. (ಮಕ್ಕಳು ನಗುತ್ತಿದ್ದಾರೆ, ನಗಲಿ.) ಡಿಸೆಂಬರ್ 10ರಂದು ಗಪ್ಪೆಗಳೂ ವರದಿಗಾರರೂ ಭೂಮಿಗೆ ಮರಳಿದರು.

ಆಮೇಲಿನದು ನನ್ನನ್ನು ಹೆಚ್ಚು ಕಾಡಿದ ಭಾಗ. 1995ರಲ್ಲಿ ಅವರು ಕೆಲಸ ಬಿಟ್ಟು, ಫುಕುಶಿಮಾ ಪ್ರಾಂತದ ಹಳ್ಳಿಗಾಡಿಗೆ ಹೋಗಿ ಸಾವಯವ ಬೇಸಾಯ ಮಾಡಿದರು, ಅಣಬೆ ಬೆಳೆದರು. 2011ರ ಮಾರ್ಚಿನಲ್ಲಿ ಸುನಾಮಿಯ ಹಿಂದೆಯೇ ಅಣುಸ್ಥಾವರದ ದುರಂತವಾಯಿತು. ಇಡೀ ಭೂಮಿಯನ್ನು ಮೇಲಿನಿಂದ ಕಂಡ ಮನುಷ್ಯ, ಕೈಯಾರೆ ಹಸನು ಮಾಡಿದ ತುಂಡು ನೆಲವನ್ನು ಬಿಟ್ಟು ಹೊರಡಬೇಕಾಯಿತು.

ವಿಜ್ಞಾನದ ಸರ್ ಮುಂದಿನ ಸಾಲಿನಲ್ಲೇ ಕುಳಿತಿದ್ದಾರೆ. ಸರ್, ಅಂದಿನ ಪ್ರಶ್ನೆಗೆ ಈಗ ಉತ್ತರ ಹೇಳುತ್ತೇನೆ. ಆ ಮಳೆಗೆ ನಮ್ಮ ಮನೆಯ ಹಿಂದಿನ ಗೋಡೆ ಬಿದ್ದಿತ್ತು. ಅಪ್ಪ, ಅವ್ವ, ತಂಗಿ, ನಾನು ರಾತ್ರಿಯೆಲ್ಲ ಗುಡಿಯ ಪೌಳಿಯಲ್ಲಿ ಕುಳಿತಿದ್ದೆವು. ಎಲ್ಲರೆದುರು ಹೇಳಲು ನಾಚಿಕೆಯಾಗಿತ್ತು.