ಗ್ಯಾರೇಜಿನ ಕಾಂಕ್ರೀಟ್ ನೆಲ: ಲೇಪನಕ್ಕೆ ಮೊದಲು ನೆಲದ ಹದ



ಮನೆ ಕಟ್ಟುವಾಗ ಗೋಡೆ, ಚಾವಣಿಗಳಿಗೆ ಕೊಡುವಷ್ಟು ಗಮನವನ್ನು ಗ್ಯಾರೇಜಿನ ನೆಲಕ್ಕೆ ಕೊಡುವವರು ವಿರಳ. ವಾಹನದ ಭಾರ, ಸೋರಿದ ಎಂಜಿನ್ ಎಣ್ಣೆ, ಬ್ಯಾಟರಿಯ ಆಮ್ಲ, ಮಳೆಗಾಲದ ಕೆಸರುನೀರು ಇವೆಲ್ಲವನ್ನೂ ತಾಳಿಕೊಳ್ಳಬೇಕಾದುದು ಆ ನೆಲವೇ. ಕಾಂಕ್ರೀಟು ನೋಟಕ್ಕೆ ಕಲ್ಲಿನಂತಿದ್ದರೂ ಅದರಲ್ಲಿ ಅಸಂಖ್ಯ ಸೂಕ್ಷ್ಮರಂಧ್ರಗಳಿರುತ್ತವೆ. ಎಣ್ಣೆ ಮತ್ತು ನೀರು ಇವುಗಳ ಮೂಲಕ ಒಳಗಿಳಿಯುತ್ತವೆ. ಇದನ್ನು ತಡೆಯಲು ಸೀಲರುಗಳೂ ಲೇಪನಗಳೂ ಬಳಕೆಯಲ್ಲಿವೆ. ಆದರೆ ಹದಗೊಳ್ಳದ ನೆಲಕ್ಕೆ ಬಳಿದ ಲೇಪನವು ಹೊರಗೆ ಥಳಕು, ಒಳಗೆ ಹುಳುಕು ಎಂಬ ಮಾತಿಗೆ ನಿದರ್ಶನವಾಗಿ, ಹಾಕಿದ ಹಣವೂ ವ್ಯರ್ಥವಾಗುತ್ತದೆ.

ಈ ವಿಷಯದಲ್ಲಿ ನಾಗಪುರದ ಉದಾಹರಣೆ ಗಮನಾರ್ಹವಾದುದು. ಅಲ್ಲಿ ಮೇ ತಿಂಗಳ ಹಗಲಿನ ಉಷ್ಣತೆ 45 ಡಿಗ್ರಿ ಸೆಲ್ಸಿಯಸ್ ದಾಟುವುದುಂಟು. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಮಳೆಗಾಲ. ಆ ಪ್ರದೇಶದ ಕಪ್ಪು ಎರೆಮಣ್ಣು ಮಳೆಯಲ್ಲಿ ಉಬ್ಬಿ, ಬೇಸಗೆಯಲ್ಲಿ ಕುಗ್ಗುತ್ತದೆ. ಅದರ ಮೇಲಿನ ನೆಲ ಬಿರುಕು ಬಿಡುತ್ತದೆ. ವಿಜಯಪುರ, ಕಲಬುರಗಿ, ರಾಯಚೂರು ಜಿಲ್ಲೆಗಳ ಎರೆಭೂಮಿಯಲ್ಲಿಯೂ ಬಹುಮಟ್ಟಿಗೆ ಇದೇ ಸ್ಥಿತಿಯಿರುವುದರಿಂದ ಅಲ್ಲಿಗೆ ಹೊಂದುವ ಕ್ರಮಗಳು ಇಲ್ಲಿಗೂ ಹೊಂದುತ್ತವೆ.

ಮೊದಲನೆಯ ರಕ್ಷಣೆ ನೀರಿನದು. ಹೊಸ ಕಾಂಕ್ರೀಟು ಬಿಸಿಲಿಗೆ ಬೇಗ ಒಣಗಿದರೆ ಮೇಲ್ಪದರ ದುರ್ಬಲವಾಗಿ ಧೂಳೇಳುತ್ತದೆ. ಭಾರತೀಯ ಮಾನಕ ಬ್ಯೂರೋ 2000ದಲ್ಲಿ ಪ್ರಕಟಿಸಿದ ಐ.ಎಸ್. 456 ಸಂಹಿತೆಯು ಒಣ ಮತ್ತು ಬಿಸಿ ಹವೆಯಲ್ಲಿ ಕನಿಷ್ಠ 10 ದಿನಗಳ ಕ್ಯೂರಿಂಗ್ ವಿಧಿಸಿತು. ಹಾರುಬೂದಿ ಬೆರೆತ ಸಿಮೆಂಟಾದರೆ ಅದನ್ನು 14 ದಿನಗಳಿಗೆ ವಿಸ್ತರಿಸುವಂತೆ ಸಲಹೆ ನೀಡಿತು. ನೆಲದ ಮೇಲೆ ಮಣ್ಣಿನ ಸಣ್ಣ ಬದು ಕಟ್ಟಿ ನೀರು ನಿಲ್ಲಿಸುವುದು, ಇಲ್ಲವೆ ಒದ್ದೆ ಗೋಣಿತಾಟು ಹೊದಿಸುವುದು ಸುಲಭೋಪಾಯ.

ಎರಡನೆಯದು ತೇವದ ಪರೀಕ್ಷೆ. ಹೊಸ ನೆಲಕ್ಕೆ ಸಾಮಾನ್ಯವಾಗಿ 28 ದಿನಗಳಾದರೂ ಕಳೆದ ಮೇಲೆಯೇ ಲೇಪನದ ಯೋಚನೆ ಮಾಡತಕ್ಕದ್ದು. ಸುಮಾರು ಒಂದೂವರೆ ಅಡಿ ಚೌಕದ ಪಾಲಿಥೀನ್ ಹಾಳೆಯನ್ನು ನೆಲಕ್ಕಿಟ್ಟು, ನಾಲ್ಕೂ ಅಂಚುಗಳನ್ನು ಟೇಪಿನಿಂದ ಮುಚ್ಚಿ, ಕನಿಷ್ಠ 16 ಗಂಟೆಗಳ ನಂತರ ತೆಗೆದು ನೋಡಬೇಕು. ಹಾಳೆಯ ಅಡಿಯಲ್ಲಿ ಹನಿ ಕಂಡರೆ, ಅಥವಾ ನೆಲ ಕಪ್ಪಾಗಿದ್ದರೆ, ಕೆಳಗಿನಿಂದ ತೇವ ಏರುತ್ತಿದೆಯೆಂದು ತಿಳಿಯಬೇಕು. ಅಂತಹ ನೆಲದ ಮೇಲೆ ಬಿಗಿಯಾದ ಲೇಪನ ಗುಳ್ಳೆಯೆದ್ದು ಕಿತ್ತುಬರುತ್ತದೆ.

ಬಳಿಕ ಆಯ್ಕೆ. ಸೋಡಿಯಂ ಸಿಲಿಕೇಟ್ ದ್ರಾವಣವು ಕಾಂಕ್ರೀಟಿನಲ್ಲಿರುವ ಸುಣ್ಣದೊಡನೆ ಸೇರಿ ರಂಧ್ರಗಳನ್ನು ಗಟ್ಟಿಗೊಳಿಸುತ್ತದೆ. ಇದು ಧೂಳನ್ನು ತಡೆಯುತ್ತದೆ, ಪದರವಾಗಿ ಸುಲಿಯುವುದಿಲ್ಲ. ಆದರೆ ಎಣ್ಣೆಯ ಕಲೆಯನ್ನು ಪೂರ್ಣವಾಗಿ ತಡೆಯದು. ಎಪಾಕ್ಸಿ ಲೇಪನವು ಎಣ್ಣೆಯನ್ನು ಚೆನ್ನಾಗಿ ತಡೆಯುತ್ತದೆ. ಆದರೆ ನೇರ ಬಿಸಿಲಿಗೆ ಹಳದಿಯಾಗುತ್ತದೆ. ಸುಡುವ ರಸ್ತೆಯಿಂದ ಬಂದ ಟೈರು, ಸರಿಯಾಗಿ ಹಿಡಿಯದ ಲೇಪನವನ್ನು ಕಿತ್ತುಕೊಂಡೇ ಹೋಗುತ್ತದೆ. ನಯವಾದ ಲೇಪನ ಒದ್ದೆಯಾದಾಗ ಜಾರುವುದರಿಂದ ಅದರಲ್ಲಿ ಸ್ಫಟಿಕದ ಮರಳನ್ನು ಬೆರೆಸುವುದು ಲೇಸು. ಮಣ್ಣಿನ ಚಲನೆಯಿಂದ ಬಿಟ್ಟ ಬಿರುಕಿಗೆ ಬರಿಯ ಸಿಮೆಂಟು ತುಂಬಿದರೆ ಮತ್ತೆ ಬಿಡುತ್ತದೆ. ಹಿಗ್ಗಿ ಕುಗ್ಗುವ ಪಾಲಿಯುರಿಥೇನ್ ಸೀಲಂಟು ಸೂಕ್ತ.

ಎಣ್ಣೆಯ ಕಲೆಗಳನ್ನು ಮಾರ್ಜಕದಿಂದ ಉಜ್ಜಿ ತೊಳೆದು ಪೂರ್ಣ ಒಣಗಿಸದೆ ಯಾವ ಲೇಪನವನ್ನೂ ಬಳಿಯಬಾರದು. ಕೆಲವರು ಮೇಲ್ಮೈಯನ್ನು ಒರಟಾಗಿಸಲು ಆಮ್ಲ ಬಳಸುತ್ತಾರೆ. ಆಗ ಆಮ್ಲವನ್ನು ನೀರಿಗೆ ಸೇರಿಸಬೇಕೇ ಹೊರತು ಆಮ್ಲಕ್ಕೆ ನೀರನ್ನು ಸುರಿಯಕೂಡದು. ಕೈಗವಸು, ಕನ್ನಡಕ ಕಡ್ಡಾಯ. ದ್ರಾವಕವಿರುವ ಲೇಪನಗಳ ಆವಿ ಬೆಂಕಿ ಹೊತ್ತಬಲ್ಲದು, ಉಸಿರಿಗೂ ಹಾನಿಕರ. ಆದ್ದರಿಂದ ಬಾಗಿಲು ತೆರೆದಿಡಬೇಕು, ಬೀಡಿ, ಒಲೆ, ವಿದ್ಯುತ್ ಕಿಡಿ ಸಮೀಪ ಸಲ್ಲದು, ಮಕ್ಕಳನ್ನು ದೂರವಿಡಬೇಕು.

ನಾಗಪುರದಂತಹ ಹವೆಯಲ್ಲಿ ಮಳೆ ನಿಂತು ನೆಲ ಒಣಗಿದ ನವೆಂಬರ್, ಇಲ್ಲವೆ ಬಿಸಿಲು ಏರುವ ಮುನ್ನಿನ ಫೆಬ್ರವರಿ ಈ ಕೆಲಸಕ್ಕೆ ಪ್ರಶಸ್ತ. ಡಬ್ಬಿಯ ಮೇಲಿನ ಸೂಚನೆಗಳನ್ನು ಓದಿ, ಮೂಲೆಯ ಸ್ವಲ್ಪ ಭಾಗದಲ್ಲಿ ಪರೀಕ್ಷಿಸಿ ಮುಂದುವರಿಯುವುದು ಜಾಣತನ. ನೆಲವನ್ನು ಅಣಿಗೊಳಿಸುವ ಶ್ರಮಕ್ಕೆ ಹೆಚ್ಚು ದಿನ ಹಿಡಿದೀತು. ಲೇಪನದ ಬಾಳಿಕೆ ಆ ದಿನಗಳನ್ನೇ ಅವಲಂಬಿಸಿದೆ.