ಪೆಟ್ಟಿಗೆಯೊಳಗಿನ ಕಾಗದ ಕೋರ್ಟಿಗೆ ಯಾವಾಗ ಹೋಗಬೇಕು?

(ಮಹಿಳಾ ಸ್ವಸಹಾಯ ಸಂಘಗಳ ಒಕ್ಕೂಟದ ಸಭೆಯಲ್ಲಿ ಆಡಿದ ಮಾತುಗಳು)



"ಸಿಸ್ಟರ್, ಕೇಸು ಅರ್ಧ ನಡೆದ ಮೇಲೆ ಕಾಗದ ಸಿಕ್ಕಿದರೆ ಕೋರ್ಟಿನವರು ತಗೊಳ್ತಾರಾ?" ಎಂದು ನಿಮ್ಮಲ್ಲಿ ಕೆಲವರು ಕೇಳಿದ್ದೀರಿ. ತಗೊಳ್ಳಬಹುದು, ತಗೊಳ್ಳದೆಯೂ ಇರಬಹುದು. ಈ 'ಬಹುದು' ಎಂಬ ಮಾತಿನ ಮೇಲೆ ಎಷ್ಟೋ ಹೆಣ್ಣುಮಕ್ಕಳ ಮನೆ, ಜಮೀನು ನಿಂತಿರುತ್ತದೆ. ಹಾಗಾಗಿ ಇವತ್ತು ಇದನ್ನೇ ಮಾತಾಡೋಣ. ನಾನು ವಕೀಲಳಲ್ಲ. ನಿಮ್ಮ ಕೇಸಿನ ವಿಷಯ ನಿಮ್ಮ ವಕೀಲರನ್ನೇ ಕೇಳಬೇಕು.

ಒಂದು ಉದಾಹರಣೆ ಇಟ್ಟುಕೊಳ್ಳೋಣ. ನಮ್ಮಂಥದೇ ಸಂಘದ ಒಬ್ಬಾಕೆ ಸಂಘದಿಂದ ಸಾಲ ತೆಗೆದು, ಕೂಲಿ ದುಡ್ಡು ಸೇರಿಸಿ ತನ್ನ ಹೆಸರಿಗೆ ಒಂದು ಸೈಟು ಕೊಂಡಳು. ಗಂಡ ತೀರಿಕೊಂಡ ಮೇಲೆ ಮೈದುನ ದಾವೆ ಹಾಕಿದ. "ಇದು ಕೂಡುಕುಟುಂಬದ ದುಡ್ಡಿನಲ್ಲಿ ಕೊಂಡದ್ದು, ನನಗೂ ಪಾಲು ಬೇಕು" ಎಂದ. ಈಕೆ ಕ್ರಯಪತ್ರ ಕೊಟ್ಟು ಸುಮ್ಮನಾದಳು. ಎರಡು ವರ್ಷದ ಮೇಲೆ ಪಾಟೀಸವಾಲಿನಲ್ಲಿ ಎದುರು ವಕೀಲರು, "ದುಡ್ಡು ಎಲ್ಲಿಂದ ಬಂತಮ್ಮಾ?" ಎಂದು ಕೇಳಿದರು. ಆಗ ನೆನಪಾಯಿತು ಸಂಘದ ನಡಾವಳಿ ಪುಸ್ತಕ, ಸಾಲದ ಪಾಸ್‌ಬುಕ್ಕು! ಅದೇ ಅವಳ ದೊಡ್ಡ ಸಾಕ್ಷಿ. ಆದರೆ ಅದು ಕೋರ್ಟಿನ ಕಡತದಲ್ಲಿ ಇರಲೇ ಇಲ್ಲ.

ಕಾನೂನು ಏನು ಹೇಳುತ್ತದೆ? ಸಿವಿಲ್ ಪ್ರಕ್ರಿಯಾ ಸಂಹಿತೆ 1908ರದು. ಇದಕ್ಕೆ 1999 ಮತ್ತು 2002ರಲ್ಲಿ ಮಾಡಿದ ತಿದ್ದುಪಡಿಗಳು 2002ರ ಜುಲೈ 1ರಿಂದ ಜಾರಿಗೆ ಬಂದವು. ಅದರಂತೆ, ದಾವೆ ಹಾಕುವವರು ತಾವು ನೆಚ್ಚಿಕೊಂಡ ದಾಖಲೆಗಳನ್ನು ದಾವೆಯ ಜೊತೆಗೇ ಕೊಡಬೇಕು. ಎದುರಾಳಿ ತನ್ನ ಲಿಖಿತ ಹೇಳಿಕೆಯ ಜೊತೆಗೆ ಕೊಡಬೇಕು. ಆ ಹೇಳಿಕೆಗೆ ಸಮನ್ಸ್ ಸಿಕ್ಕಿದ ದಿನದಿಂದ 30 ದಿನ ಕಾಲ. ಕಾರಣ ಇದ್ದರೆ ನ್ಯಾಯಾಧೀಶರು 90 ದಿನದವರೆಗೆ ಬಿಡಬಹುದು. ಈ ಗಡುವು ಉಕ್ಕಿನ ಗೋಡೆಯಲ್ಲ, ಅಪರೂಪದ ಸಂದರ್ಭದಲ್ಲಿ ಸಡಿಲಿಸಬಹುದು ಎಂದು ಸುಪ್ರೀಂ ಕೋರ್ಟ್ 2005ರಲ್ಲಿ ಹೇಳಿದೆ. ಅಂತ ನಾವು ಸಮನ್ಸನ್ನು ದೇವರ ಫೋಟೋದ ಹಿಂದೆ ಸಿಕ್ಕಿಸಿಟ್ಟು ಕೂರಬಾರದು, ಅಷ್ಟೇ.

ಮೂಲಪತ್ರಗಳನ್ನು ವಿವಾದಾಂಶ ತೀರ್ಮಾನವಾಗುವ ಹೊತ್ತಿಗೆ, ಅಂದರೆ ಯಾವ ಯಾವ ವಿಷಯದ ಮೇಲೆ ತಕರಾರು ಎಂದು ಕೋರ್ಟು ಬರೆದುಕೊಳ್ಳುವ ಹೊತ್ತಿಗೆ, ಹಾಜರುಪಡಿಸಬೇಕು. ಆಮೇಲೆ ಕೊಡಬೇಕಾದರೆ ಕೋರ್ಟಿನ ಅನುಮತಿ ಬೇಕು. ಅದಕ್ಕೆ ಮಧ್ಯಂತರ ಅರ್ಜಿ, ಜೊತೆಗೆ ಪ್ರಮಾಣಪತ್ರ. ಅಲ್ಲಿ ನ್ಯಾಯಾಧೀಶರು ಮುಖ್ಯವಾಗಿ ನೋಡುವುದು, ಈ ಕಾಗದ ಕೇಸಿಗೆ ನಿಜವಾಗಿ ಬೇಕಾ? ಮೊದಲೇ ಯಾಕೆ ತರಲಿಲ್ಲ? ಈಗ ತಗೊಂಡರೆ ಎದುರಿನವರಿಗೆ ಅನ್ಯಾಯ ಆಗುತ್ತದಾ?

ಬಹಳ ಜನ ಎಡವುವುದು ಎರಡನೇ ಪ್ರಶ್ನೆಯಲ್ಲಿ. "ನನಗೆ ಗೊತ್ತಿರಲಿಲ್ಲ ಸ್ವಾಮಿ" ಅಂದರೆ ಅದು ತೆಳು ಉತ್ತರ. "ಪುಸ್ತಕ ಹಳೇ ಕಾರ್ಯದರ್ಶಿಯ ಹತ್ತಿರ ಉಳಿದಿತ್ತು, ಅವರು ಊರು ಬಿಟ್ಟಿದ್ದರು, ಇಂಥ ದಿನ ಸಿಕ್ಕಿತು" ಎಂದು ತಾರೀಖು ಸಮೇತ ಬರೆದರೆ ಅದಕ್ಕೆ ತೂಕ ಇದೆ. ಆದರೆ ಅದು ನಿಜವಾಗಿರಬೇಕು! ಸುಳ್ಳು ಪ್ರಮಾಣ ಮಾಡಿಸುವವರ ಮಾತು ಕೇಳಬೇಡಿ. ತಡವಾಗಿ ಬಂದ ಕಾಗದವನ್ನು "ಈಗ ಹುಟ್ಟಿಸಿದ್ದು" ಎಂದು ಎದುರಿನವರು ಹೇಗೂ ಅನ್ನುತ್ತಾರೆ. ಪಹಣಿ, ಮ್ಯುಟೇಶನ್, ನೋಂದಣಿ ಕಚೇರಿಯ ದೃಢೀಕೃತ ನಕಲು ಆದರೆ ಆ ಅನುಮಾನಕ್ಕೆ ಜಾಗ ಕಡಿಮೆ.

2020ರ ಅಕ್ಟೋಬರಿನಲ್ಲಿ ಸುಗಂಧಿ ಮತ್ತು ಪಿ. ರಾಜ್‌ಕುಮಾರ್ ನಡುವಿನ ಪ್ರಕರಣದಲ್ಲಿ ಇದೇ ವಿಷಯ ಬಂತು. ಪ್ರತಿವಾದಿಗಳ ಕಾಗದಗಳು ಕಳೆದುಹೋಗಿ ತಡವಾಗಿ ಸಿಕ್ಕಿದ್ದವು. ಕೆಳಗಿನ ಕೋರ್ಟೂ ಹೈಕೋರ್ಟೂ ಬೇಡ ಅಂದವು. ಸುಪ್ರೀಂ ಕೋರ್ಟ್ ತಗೊಳ್ಳಿ ಅಂದಿತು. ಎದುರಿನವರಿಗೆ ದೊಡ್ಡ ತೊಂದರೆ ಇಲ್ಲದಿದ್ದರೆ ಬರೀ ಕ್ರಮದ ತಪ್ಪಿಗಾಗಿ ಬಾಗಿಲು ಹಾಕಬಾರದು ಎಂಬುದು ಅದರ ಧೋರಣೆ. ಒಳ್ಳೆಯ ತೀರ್ಪು. ಆದರೆ ನೋಡಿ, ಒಂದು ಕಾಗದ ಸೇರಿಸಲು ಅವರು ದೆಹಲಿಯವರೆಗೆ ಹೋಗಬೇಕಾಯಿತು! ನಮ್ಮಲ್ಲಿ ಅರ್ಜಿ ತಿರಸ್ಕಾರವಾದರೆ ಬೆಂಗಳೂರು, ಧಾರವಾಡ ಅಥವಾ ಕಲಬುರಗಿಯ ಹೈಕೋರ್ಟ್ ಪೀಠಕ್ಕೆ ಓಡಬೇಕು. ಬಸ್ಸಿನ ಖರ್ಚು, ಕೂಲಿ ನಷ್ಟ, ವಕೀಲರ ಫೀಸು. ಅನುಮತಿ ಸಿಕ್ಕರೂ ಎದುರಿನವರಿಗೆ ಖರ್ಚು ಕಟ್ಟಿಕೊಡಿ ಎಂದು ಆದೇಶ ಆಗಬಹುದು, ಸಾಕ್ಷಿಯನ್ನು ಮತ್ತೆ ಕರೆಸಬಹುದು, ವಾಯಿದೆ ಮೇಲೆ ವಾಯಿದೆ.

ಇನ್ನೊಂದು ಮಾತು. ಕೋರ್ಟು ಕಾಗದ ತಗೊಂಡಿತು ಅಂದರೆ ನಂಬಿತು ಅಂತಲ್ಲ. ಸಂಘದ ಪುಸ್ತಕವಾದರೆ ಅದನ್ನು ಬರೆದ ಕಾರ್ಯದರ್ಶಿ ಬಂದು ಸಾಕ್ಷಿ ಹೇಳಬೇಕಾಗಬಹುದು. ಅದಕ್ಕೇ ನಾನು ನಡಾವಳಿಯಲ್ಲಿ ತಾರೀಖು, ಸಾಲದ ಉದ್ದೇಶ, ಸಹಿ ಬಿಡಬೇಡಿ ಎಂದು ಪ್ರತಿ ಸಲ ಗೊಣಗುವುದು. "ಇತರೆ" ಎಂದು ಬರೆದು ಮುಗಿಸಬೇಡಿ. "ಸೈಟು ಕೊಳ್ಳಲು" ಎಂದೇ ಬರೆಯಿರಿ. ಹಳೇ ಪುಸ್ತಕ ರದ್ದಿಗೆ ಹಾಕಬೇಡಿ.

ಕಾಗದ ನಿಮ್ಮ ಹತ್ತಿರ ಇಲ್ಲದೆ ಅಣ್ಣನ ಬೀರುವಿನಲ್ಲೋ ಬ್ಯಾಂಕಿನಲ್ಲೋ ಇದ್ದರೆ? ಅದು ಇಂಥವರ ಸ್ವಾಧೀನದಲ್ಲಿದೆ ಎಂದು ಮೊದಲ ದಿನವೇ ಬರೆಸಿ. ಹಾಜರುಪಡಿಸಿ ಎಂದು ಅವರಿಗೆ ಆದೇಶ ಕೊಡಲು ಕೋರ್ಟಿಗೆ ಅಧಿಕಾರ ಇದೆ. ಮೇಲ್ಮನವಿಯಲ್ಲಿ ನೋಡೋಣ ಅಂತ ಮಾತ್ರ ಬಿಡಬೇಡಿ. ಅಲ್ಲಿ ಹೊಸ ದಾಖಲೆಗೆ ಬಾಗಿಲು ಇನ್ನೂ ಕಿರಿದು. ಎಷ್ಟು ಎಚ್ಚರಿಕೆ ವಹಿಸಿದರೂ ಮೊದಲು ಸಿಗಲಿಲ್ಲ ಎಂದು ತೋರಿಸುವಂಥ ಕೆಲವೇ ಕಾರಣಗಳಿಗೆ ಅವಕಾಶ.

ವಕೀಲರಿಗೆ ಫೀಸು ಎಲ್ಲಿಂದ ಅಂತೀರಾ? 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯಿದೆಯಲ್ಲಿ ಹೆಂಗಸರಿಗೆ ಆದಾಯದ ಮಿತಿ ಇಲ್ಲದೆ ಉಚಿತ ಕಾನೂನು ನೆರವು ಇದೆ. ತಾಲೂಕು ಕೋರ್ಟಿನ ಆವರಣದಲ್ಲಿ ತಾಲೂಕು ಕಾನೂನು ಸೇವಾ ಸಮಿತಿಯನ್ನು ಕೇಳಿ, ಇಲ್ಲವೇ 15100ಕ್ಕೆ ಫೋನ್ ಮಾಡಿ. ಹೋಗುವಾಗ ಪೆಟ್ಟಿಗೆಯಲ್ಲಿ ಇರುವ ಎಲ್ಲ ಕಾಗದ ಕಟ್ಟಿಕೊಂಡು ಹೋಗಿ. ಯಾವುದು ಬೇಕು, ಯಾವುದು ಬೇಡ ಎಂದು ನೀವೇ ಆರಿಸಬೇಡಿ, ವಕೀಲರು ಆರಿಸಲಿ. ಮೂಲಪತ್ರ ಯಾರಿಗೇ ಕೊಟ್ಟರೂ ಮೊದಲು ಜೆರಾಕ್ಸ್ ಮಾಡಿಸಿ, ಕೊಟ್ಟದ್ದಕ್ಕೆ ಚೀಟಿ ಬರೆಸಿಕೊಳ್ಳಿ.